ಕರಿಕೋಟು ಮತ್ತು ಕಾಡು ಕುದುರೆ

ಹಿನ್ನೆಲೆ ಗಾಯಕರಿಗೆ ಕೇಂದ್ರ ಸರ್ಕಾರ ಕೊಡುವ ರಾಷ್ಟ್ರಪ್ರಶಸ್ತಿಯ ಪಟ್ಟಿಯನ್ನು ಒಂದ್ಸಲ ತೆಗೆದು ನೋಡಿ. 1977ರ ಸಾಲಿಗೆ ಮೊಹಮ್ಮದ್ ರಫಿ. 1979ರ ಸಾಲಿಗೆ 'ಶಂಕರಾಭರಣಂ' ಹಾಡಿದ ಎಸ್.ಪಿ. ಬಾಲಸುಬ್ರಹ್ಮಣ್ಯಂ. ಈ ಇಬ್ಬರು ಘಟಾನುಘಟಿಗಳ ನಡುವೆ, 1978ರ ಸಾಲಿನಲ್ಲಿ, ಒಬ್ಬರು ವಕೀಲರಿದ್ದಾರೆ. ಹೊಸನಗರ ತಾಲ್ಲೂಕಿನ ನಗರದ ಕಡೆಯವರು. ಹೆಸರು ಜಿ. ಸುಬ್ರಹ್ಮಣ್ಯ. ಹಾಗಂದ್ರೆ ಯಾರಿಗೂ ಗೊತ್ತಾಗಲ್ಲ. ಶಿವಮೊಗ್ಗ ಸುಬ್ಬಣ್ಣ ಅಂದ್ರೆ ಮಾತ್ರ ಎಲ್ಲರಿಗೂ ಗೊತ್ತು.

ನಮ್ಮ ಜಿಲ್ಲೆಯಲ್ಲಿ ಸುಬ್ಬಣ್ಣ ಅಂದ್ರೆ ಇಬ್ಬರು. ಸಾಗರದ ಪಕ್ಕ ಹೆಗ್ಗೋಡಿನಲ್ಲಿ ಕೂತು ನೀನಾಸಂ ಕಟ್ಟಿ, 1991ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿಯನ್ನು ಅಡಿಕೆ ತೋಟದ ನಡುವೆ ತಂದಿಟ್ಟ ಕೆ.ವಿ. ಸುಬ್ಬಣ್ಣ ಒಬ್ಬರು. ಊರು ಬಿಟ್ಟು ಬೆಂಗಳೂರಿಗೆ ಹೋಗಿ, ಊರಿನ ಹೆಸರನ್ನೇ ತನ್ನ ಹೆಸರಿನ ಮುಂದೆ ಅಂಟಿಸಿಕೊಂಡು ಹಾಡಿದ ಈ ಸುಬ್ಬಣ್ಣ ಇನ್ನೊಬ್ಬರು. ಮೊದಲನೆಯವರ ಬಗ್ಗೆ ಬೇಕಾದಷ್ಟು ಬರೆದಿದ್ದಾರೆ. ಎರಡನೆಯವರ ಬಗ್ಗೆ ಬರೆಯುವವರು ಅವರ ಕಂಠದ ಬಗ್ಗೆ ಬರೆಯುತ್ತಾರೆ, ಕರಿಕೋಟಿನ ವಿಷಯಕ್ಕೆ 'ವೃತ್ತಿಯಲ್ಲಿ ವಕೀಲರಾಗಿದ್ದರು' ಅಂತ ಒಂದು ಸಾಲು ಹಾಕಿ ಮುಂದೆ ಹೋಗುತ್ತಾರೆ.

ನನಗೆ ಆ ಒಂದು ಸಾಲೇ ಮುಖ್ಯ ಅನ್ನಿಸುತ್ತೆ. ನಾನು ಓದಿದ್ದು ಕಾನೂನು, ಊರು ಸಾಗರ, ಹೊಟ್ಟೆಪಾಡು ಬೆಂಗಳೂರಲ್ಲಿ ಕಂಪನಿಗಳ ಕರಾರುಪತ್ರ ಓದೋದು. ಹಾಗಾಗಿ ಸುಬ್ಬಣ್ಣನವರ ಹಾಡು ಕೇಳುವಾಗಲೆಲ್ಲ ತಲೆಯಲ್ಲಿ ಒಂದು ಪ್ರಶ್ನೆ ಏಳುತ್ತೆ: ಈ ಮನುಷ್ಯ ಕೋರ್ಟಿನಲ್ಲಿ ಬೇರೆಯವರ ಹಕ್ಕಿಗಾಗಿ ವಾದ ಮಾಡುತ್ತಿದ್ದ ಕಾಲದಲ್ಲಿ, ಅವರ ಸ್ವಂತ ದನಿಯ ಮೇಲೆ ಅವರಿಗೆ ಎಷ್ಟು ಹಕ್ಕಿತ್ತು?

ಉತ್ತರ ಸರಳ. ಏನೂ ಇರಲಿಲ್ಲ.

ಮೊದಲು ಮನುಷ್ಯನ ಕತೆ. ಹುಟ್ಟಿದ್ದು 1938ರ ಡಿಸೆಂಬರ್ 14. ನಗರ ಅಂದ್ರೆ ಹಳೆಯ ಬಿದನೂರು, ಕೆಳದಿ ನಾಯಕರ ರಾಜಧಾನಿ. 1763ರಲ್ಲಿ ಹೈದರಾಲಿ ಕೋಟೆ ಹಿಡಿದು ಹೈದರನಗರ ಅಂತ ಹೆಸರಿಟ್ಟ. ಹೈದರ ಹೋದ, ನಗರ ಉಳಿಯಿತು. ಸುಬ್ಬಣ್ಣ ಹುಟ್ಟುವ ಹೊತ್ತಿಗೆ ರಾಜಧಾನಿಯ ಜಂಭ ಏನೂ ಉಳಿದಿರಲಿಲ್ಲ, ಮಳೆ, ಕಾಡು, ತೋಟ ಅಷ್ಟೇ. ಅಜ್ಜ ಶಾಮಣ್ಣ ಸಂಗೀತ ಬಲ್ಲವರು, ಸಂಸ್ಕೃತ ಬಲ್ಲವರು. ಮೊದಲ ಪಾಠ ಅಲ್ಲೇ. ಆಮೇಲೆ ಬಿ.ಎ., ಬಿ.ಕಾಂ., ಎಲ್ಎಲ್‌ಬಿ. ಮೂರು ಡಿಗ್ರಿ ಮಾಡಿದವರು ಮಲೆನಾಡಿನಲ್ಲಿ ಮಾಡುವ ಕೆಲಸವನ್ನೇ ಇವರೂ ಮಾಡಿದರು, ಘಟ್ಟದ ಮಳೆ ಬಿಟ್ಟು ಬೆಂಗಳೂರಿಗೆ ಬಂದರು. ಹಗಲು ವಕೀಲಿಕೆ, ಉಳಿದ ಹೊತ್ತು ಆಕಾಶವಾಣಿ, ವೇದಿಕೆ, ಕ್ಯಾಸೆಟ್ಟು.

ಅವರು ಆರಿಸಿಕೊಂಡ ಸಂಗೀತಕ್ಕೆ ನಾವು ಸುಗಮ ಸಂಗೀತ ಅಂತೀವಿ. ಪಿ. ಕಾಳಿಂಗರಾಯರು ದಾರಿ ಮಾಡಿಕೊಟ್ಟಿದ್ದರು. ಕವಿತೆಯ ಮಾತು ಕೇಳುಗನಿಗೆ ಅರ್ಥವಾಗಬೇಕು, ರಾಗ ಅದರ ಹಿಂದೆ ನಿಲ್ಲಬೇಕು, ಇದು ಅದರ ಧರ್ಮ. ನಮ್ಮ ಕಡೆಯವರಿಗೆ ಇದು ಹೊಸದೇನಲ್ಲ. ಶಿವಮೊಗ್ಗದ ಪಕ್ಕದ ಮತ್ತೂರು–ಹೊಸಹಳ್ಳಿಯ ಗಮಕಿಗಳು ಕುಮಾರವ್ಯಾಸನನ್ನು ಓದುವುದು ಹೀಗೇ. ಯಕ್ಷಗಾನದ ಭಾಗವತರು ಪದ ಹೇಳುವುದೂ ಹೀಗೇ. ಮಾತು ಕೇಳದಿದ್ದರೆ ವೇಷಧಾರಿ ಅರ್ಥ ಹೇಳುವುದಾದರೂ ಹೇಗೆ? ಸುಬ್ಬಣ್ಣನವರ ಗಾಯನದಲ್ಲಿ ಮೊದಲು ಕಿವಿಗೆ ಬೀಳುವುದು ಅಕ್ಷರ. ಕುವೆಂಪು ಅವರ 'ಬಾರಿಸು ಕನ್ನಡ ಡಿಂಡಿಮವ' ಅವರ ದನಿಯಲ್ಲಿ ಹೇಗೆ ನಾಡಿಗೆಲ್ಲ ಹರಡಿತು ಅಂತ ಯೋಚಿಸಿದರೆ, ಆ ಗಟ್ಟಿ ಉಚ್ಚಾರವೂ ಒಂದು ಕಾರಣ ಇರಬೇಕು ಅನ್ನಿಸುತ್ತೆ. ಕೋರ್ಟಿನಲ್ಲಿ ನಿಂತು ಮಾತಾಡಿ ಅಭ್ಯಾಸವಿದ್ದವರು, ಕೊನೆಯ ಬೆಂಚಿಗೂ ಕೇಳುವ ಹಾಗೆ ಹೇಳೋದು ಗೊತ್ತಿತ್ತು ಅಂತ ಬೇಕಾದರೆ ನಾನು ತಮಾಷೆಗೆ ಹೇಳಿಯೇನು.

ಚಂದ್ರಶೇಖರ ಕಂಬಾರರು 'ಕಾಡು ಕುದುರೆ' ಸಿನಿಮಾ ಮಾಡಿದಾಗ ಹಾಡು ಬರೆದದ್ದು ಅವರೇ, ರಾಗ ಹಾಕಿದ್ದು ಅವರೇ, ನಿರ್ದೇಶನವೂ ಅವರದ್ದೇ. ಹಾಡಿದ್ದು ಸುಬ್ಬಣ್ಣ. ಬಂತು ರಜತ ಕಮಲ. ಕನ್ನಡ ಸಿನಿಮಾದ ಹಾಡು ಹಾಡಿದ್ದಕ್ಕೆ ಬಂದ ರಾಷ್ಟ್ರಪ್ರಶಸ್ತಿ ಅದು. ಆಮೇಲೆ 1992ರ ಸಾಲಿಗೆ 'ಜೀವನ ಚೈತ್ರ'ಕ್ಕಾಗಿ ರಾಜ್‌ಕುಮಾರ್ ಅವರಿಗೆ, 1995ರ ಸಾಲಿಗೆ ಪಂಚಾಕ್ಷರ ಗವಾಯಿಗಳ ಸಿನಿಮಾಕ್ಕಾಗಿ ಎಸ್ಪಿಬಿಯವರಿಗೆ ಬಂತು. ಅವರಿಬ್ಬರಿಗಿಂತ ಮೊದಲು ಆ ಬಾಗಿಲು ದಾಟಿದ್ದು ಮಾತ್ರ ಈ ವಕೀಲರು.

ಈಗ ಕಾನೂನಿಗೆ ಬರೋಣ. ಹೆದರಬೇಡಿ, ಸೆಕ್ಷನ್ನುಗಳ ಮಳೆ ಸುರಿಸಲ್ಲ.

ರಜತ ಕಮಲದ ಹಿಂದಿನ ವರ್ಷ, 1977ರಲ್ಲಿ, ಸುಪ್ರೀಂ ಕೋರ್ಟ್ ಒಂದು ತೀರ್ಪು ಕೊಟ್ಟಿತು. ಗೀತರಚನಕಾರರು ಮತ್ತು ಸಂಗೀತ ಸಂಯೋಜಕರು 1969ರಲ್ಲಿ ಐಪಿಆರ್‌ಎಸ್ ಅನ್ನುವ ಸಂಘ ಕಟ್ಟಿಕೊಂಡಿದ್ದರು. ಟಾಕೀಸಿನಲ್ಲಿ ಸಿನಿಮಾ ಓಡಿದಾಗ ನಮ್ಮ ಹಾಡೂ ಓಡುತ್ತೆ, ಅದಕ್ಕೆ ನಮಗೂ ಹಣ ಕೊಡಿ ಅನ್ನೋದು ಅವರ ಕೇಳಿಕೆ. ಸಿನಿಮಾದವರು ಒಪ್ಪಲಿಲ್ಲ. ಕೋರ್ಟು ಸಿನಿಮಾದವರ ಪರ ನಿಂತಿತು: ನಿರ್ಮಾಪಕ ದುಡ್ಡು ಕೊಟ್ಟು ಹಾಡು ಮಾಡಿಸಿದರೆ, ಬೇರೆ ಕರಾರು ಇಲ್ಲದ ಪಕ್ಷದಲ್ಲಿ, ಹಕ್ಕು ನಿರ್ಮಾಪಕನದ್ದೇ.

ಆ ತೀರ್ಪಿನ ಬಾಲದಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ತಮ್ಮದೊಂದು ಟಿಪ್ಪಣಿ ಸೇರಿಸಿದರು. ಅವರ ಸಂಕಟ ಹಾಡುಗಾರನ ಬಗ್ಗೆ. 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ 'ಸಂಗೀತ ಕೃತಿ' ಅಂದ್ರೆ ಬರೆದಿಟ್ಟ ಅಥವಾ ಅಚ್ಚು ಮಾಡಿದ ಸ್ವರ ಸಂಯೋಜನೆ. ಎಷ್ಟೇ ಸೊಗಸಾಗಿ ಹಾಡಿ, ಆ ದನಿಗೆ, ಆ ಹಾಡುಗಾರಿಕೆಗೆ ಕಾಯ್ದೆಯಲ್ಲಿ ಜಾಗವೇ ಇಲ್ಲ. ಇದು ಭಾರತದ ಸಂಗೀತಕ್ಕೆ ಒಗ್ಗದ ಮಾತು, ಸಂಸತ್ತು ಇದನ್ನು ಸರಿ ಮಾಡಬೇಕು ಅಂತ ಅವರು ಬರೆದರು. ನಮ್ಮಲ್ಲಿ ಪುಸ್ತಕದ ಸ್ವರಕ್ಕಿಂತ ಗಂಟಲಿನ ಸ್ವರ ದೊಡ್ಡದು ಅನ್ನೋದು ಕಚೇರಿ ಕೇಳುವ ಯಾವ ಅಜ್ಜಿಗೂ ಗೊತ್ತಿರುವ ವಿಷಯ. ಕಾನೂನಿಗೆ ಮಾತ್ರ ಗೊತ್ತಿರಲಿಲ್ಲ.

ಇದನ್ನು ಒಂದು ಭಾವಗೀತೆಗೆ ಹಾಕಿ ನೋಡಿ. ಕವಿಗೆ ಹಕ್ಕಿದೆ, ಬದುಕಿರುವಷ್ಟು ಕಾಲ, ಸತ್ತ ಮೇಲೆ ಐವತ್ತು ವರ್ಷ. 1992ರಲ್ಲಿ ಅದು ಅರವತ್ತಾಯಿತು. ಕ್ಯಾಸೆಟ್ ಕಂಪನಿಗೆ ತನ್ನ ಧ್ವನಿಮುದ್ರಣದ ಮೇಲೆ ಹಕ್ಕಿದೆ. ರಾಗ ಹಾಕಿದವರಿಗೆ? ಹಾರ್ಮೋನಿಯಂ ಮುಂದೆ ಕೂತು ಬಾಯಲ್ಲೇ ಹಾಡಿಕೊಂಡು ರಾಗ ಕಟ್ಟಿದವರು ಅದನ್ನು ಸ್ವರಲಿಪಿಯಲ್ಲಿ ಬರೆದಿಡದಿದ್ದರೆ, ಆ ಕಾಯ್ದೆಯ ಮಾತಿನಂತೆ ಅದು ಸಂಗೀತ ಕೃತಿಯೇ ಅಲ್ಲ. ಇನ್ನು ಹಾಡಿದವರಿಗೆ ಆ ದಿನದ ಸಂಭಾವನೆ, ಒಂದು ಶಾಲು ಮತ್ತು ಚಪ್ಪಾಳೆ.

ನಮ್ಮೂರ ಲೆಕ್ಕದಲ್ಲಿ ಹೇಳೋದಾದರೆ ಹಾಡುಗಾರ ಅಂದ್ರೆ ಕೊನೆಗೌಡ. ಜಾರುವ ಅಡಿಕೆ ಮರ ಹತ್ತಿ, ಮರದಿಂದ ಮರಕ್ಕೆ ವಾಲಿ, ಜೀವ ಕೈಯಲ್ಲಿ ಹಿಡಿದು ಕೊನೆ ಇಳಿಸುವವನು ಅವನು. ಅವನಿಲ್ಲದೆ ಅಡಿಕೆ ಅಂಗಳಕ್ಕೆ ಬರಲ್ಲ. ಆದರೆ ಅವನಿಗೆ ಸಿಗೋದು ಅವತ್ತಿನ ಕೂಲಿ. ಮಂಡಿಯಲ್ಲಿ ಧಾರಣೆ ಎಷ್ಟೇ ಏರಲಿ, ಏರಿದ್ದರಲ್ಲಿ ಅವನ ಪಾಲಿಲ್ಲ.

ರಫಿ ಹೆಸರು ಮೊದಲಿಗೇ ಎತ್ತಿದ್ದು ಸುಮ್ಮನೆ ಅಲ್ಲ. 1960ರ ದಶಕದ ಶುರುವಿನಲ್ಲಿ ಲತಾ ಮಂಗೇಶ್ಕರ್ ಗಾಯಕರಿಗೂ ರಾಯಲ್ಟಿ ಬೇಕು ಅಂತ ಹಟ ಹಿಡಿದಿದ್ದರು. ರಫಿ ಸಾಹೇಬರು ಒಪ್ಪಲಿಲ್ಲ. ಹಾಡಿದೆವು, ದುಡ್ಡು ತಗೊಂಡೆವು, ಅಲ್ಲಿಗೆ ಮುಗೀತು ಅನ್ನೋದು ಅವರ ನಿಲುವು. ಇದೇ ಜಗಳಕ್ಕೆ ಇಬ್ಬರೂ ಕೆಲವು ವರ್ಷ ಜೊತೆಯಲ್ಲಿ ಹಾಡಲೇ ಇಲ್ಲ. ನಮಗೆ ಯುಗಳಗೀತೆ ಅಷ್ಟು ನಷ್ಟ.

ಪಟ್ಟಿಯ ಮೂರನೆಯವರು ಎಸ್ಪಿಬಿ. 2017ರಲ್ಲಿ ಅವರು ಅಮೆರಿಕದಲ್ಲಿ ಕಾರ್ಯಕ್ರಮ ಕೊಡುತ್ತಾ ತಿರುಗುತ್ತಿದ್ದಾಗ ಇಳಯರಾಜ ಅವರಿಂದ ವಕೀಲರ ನೋಟಿಸ್ ಬಂತು: ನನ್ನ ಅನುಮತಿ ಇಲ್ಲದೆ ನನ್ನ ಹಾಡು ವೇದಿಕೆಯಲ್ಲಿ ಹಾಡಬೇಡಿ. ಯಾವ ಹಾಡು? ಎಸ್ಪಿಬಿಯೇ ಮೊದಲು ಹಾಡಿದ್ದ ಹಾಡು. ಇಳಯರಾಜ ಕೇಳಿದ್ದು ತಪ್ಪು ಅಂತ ನಾನು ಹೇಳಲ್ಲ, ಸಂಯೋಜಕನ ಹಕ್ಕು ಸಂಯೋಜಕನದ್ದು. ಆದರೆ ಮೂರು ವರ್ಷ ಸಾಲಾಗಿ ಪ್ರಶಸ್ತಿ ಪಡೆದ ಮೂವರನ್ನು ನೋಡಿ. ಒಬ್ಬರು ನನಗೇನೂ ಬೇಡ ಅಂದರು. ಒಬ್ಬರು ತಮ್ಮದೇ ಹಾಡು ಹಾಡಿದ್ದಕ್ಕೆ ನೋಟಿಸ್ ಪಡೆದರು. ನಡುವಿನವರು ಕರಿಕೋಟು ಹಾಕಿಕೊಂಡು ಬೇರೆ ಕೇಸು ನಡೆಸಿದರು.

ಆ ಕರಿಕೋಟನ್ನು ನಾವು ಹವ್ಯಾಸಿ ಕಲಾವಿದನ ಗುರುತು ಅಂತ ನೋಡಿಬಿಡುತ್ತೇವೆ. ಹಗಲು ಕೆಲಸ, ಸಂಜೆ ಹಾಡು, ಪಾಪ ಎಷ್ಟು ಕಷ್ಟಪಟ್ಟರು ಅಂತ. ನಾನು ಇದನ್ನು ಬೇರೆ ಥರ ನೋಡ್ತೀನಿ. ಆ ತಲೆಮಾರಿನ ಸುಗಮ ಸಂಗೀತ ನಿಂತಿದ್ದೇ ಸಂಬಳದ ಮೇಲೆ. ಜಿ.ಎಸ್. ಶಿವರುದ್ರಪ್ಪ, ಎನ್.ಎಸ್. ಲಕ್ಷ್ಮೀನಾರಾಯಣ ಭಟ್ಟ, ಕಂಬಾರ, ಮೂವರೂ ಮೇಷ್ಟ್ರು. ನಿಸಾರ್ ಅಹಮದ್ ಭೂವಿಜ್ಞಾನದ ಮೇಷ್ಟ್ರು, ಶಿವಮೊಗ್ಗದ ಸಹ್ಯಾದ್ರಿ ಕಾಲೇಜಿನಲ್ಲೂ ಪಾಠ ಮಾಡಿದವರು. ಸಿ. ಅಶ್ವತ್ಥ್ ಐಟಿಐ ಕಾರ್ಖಾನೆಯ ನೌಕರರು. ಸುಬ್ಬಣ್ಣ ವಕೀಲರು. ಅಂದ್ರೆ ಕನ್ನಡ ಭಾವಗೀತೆಯ ಖರ್ಚನ್ನು ಹೊತ್ತದ್ದು ವಿಶ್ವವಿದ್ಯಾಲಯ, ಟೆಲಿಫೋನ್ ಕಾರ್ಖಾನೆ ಮತ್ತು ಬೆಂಗಳೂರಿನ ಕಕ್ಷಿದಾರರು. ಕೇಳುಗರಾದ ನಮ್ಮ ಪಾಲು ತೀರಾ ಕಡಿಮೆ.

1978ರಲ್ಲಿ ಮೈಸೂರು ಅನಂತಸ್ವಾಮಿಯವರ ಸಂಗೀತದಲ್ಲಿ 'ನಿತ್ಯೋತ್ಸವ' ಬಂತು, ಕನ್ನಡದ ಮೊದಲ ಭಾವಗೀತೆ ಕ್ಯಾಸೆಟ್ ಅಂತ ಹೆಸರಾದದ್ದು. ಅಲ್ಲಿಂದ ಮುಂದಿನ ಇಪ್ಪತ್ತು ವರ್ಷ ಕ್ಯಾಸೆಟ್ಟಿನ ಕಾಲ. ಸಾಗರದ ಮಾರಿಜಾತ್ರೆಯ ಪೇಟೆಯಲ್ಲಿ ಬಳೆ ಅಂಗಡಿ ಪಕ್ಕ ಕ್ಯಾಸೆಟ್ ಅಂಗಡಿ ಇರುತ್ತಿತ್ತು. ಶರೀಫರ ಪದ, ಭಕ್ತಿಗೀತೆ, ಯಕ್ಷಗಾನದ ಪ್ರಸಂಗ ಎಲ್ಲ ಒಂದೇ ಹಲಗೆಯ ಮೇಲೆ. 1990ರಲ್ಲಿ ಟಿ.ಎಸ್. ನಾಗಾಭರಣರ 'ಸಂತ ಶಿಶುನಾಳ ಶರೀಫ' ಬಂದಾಗ ಅಶ್ವತ್ಥರ ಜೊತೆ ಸುಬ್ಬಣ್ಣನವರ ದನಿಯೂ ಮನೆಮನೆಗೆ ಬಂತು. ಅದೇ ವರ್ಷ ಸಾಲಿಗ್ರಾಮ ಮೇಳದ ಭಾಗವತ ಕಾಳಿಂಗ ನಾವಡರು ಅಪಘಾತದಲ್ಲಿ ತೀರಿಕೊಂಡರು. ಇನ್ನೂ ಮೂವತ್ತೆರಡು ದಾಟಿರಲಿಲ್ಲ. ಅವರ ಪದ ಆಮೇಲೂ ಊರೂರಲ್ಲಿ ಓಡುತ್ತಲೇ ಇತ್ತು, ಈಗಲೂ ಮೊಬೈಲಿನಲ್ಲಿ ಓಡುತ್ತಿದೆ. ಆಟದ ರಾತ್ರಿ ರಂಗಸ್ಥಳದ ಮುಂದೆ ಟೇಪ್ ರೆಕಾರ್ಡರ್ ಇಟ್ಟು ಬೆಳಗಿನ ತನಕ ತುಂಬಿಸಿಕೊಂಡು ಬಂದವರು ನಮ್ಮ ಕಡೆ ಎಷ್ಟೋ ಜನ. ಅದು ಪ್ರೀತಿ, ಅನುಮಾನವಿಲ್ಲ. ಆದರೆ ಭಾಗವತರ ಮನೆಗೆ ಆ ಪ್ರೀತಿಯಿಂದ ಏನು ತಲುಪಿತು ಅಂತ ನಾವ್ಯಾರೂ ಕೇಳಿಕೊಳ್ಳಲಿಲ್ಲ.

ಯಕ್ಷಗಾನದ ವಿಷಯ ಬಂದದ್ದಕ್ಕೆ ಇನ್ನೊಂದು ಕತೆ ಹೇಳಲೇಬೇಕು, ಯಾಕಂದ್ರೆ ಅಲ್ಲಿ ಹಕ್ಕು ಕೇಳಿ ಗೆದ್ದವರಿದ್ದಾರೆ. ಶಿವರಾಮ ಕಾರಂತರು ಯಕ್ಷಗಾನವನ್ನು ತಮ್ಮ ಕಲ್ಪನೆಯಂತೆ ಬ್ಯಾಲೆ ರೂಪಕ್ಕೆ ಒಗ್ಗಿಸಿದ್ದರು. 1994ರಲ್ಲಿ ಉಯಿಲು ಬರೆದಿಟ್ಟು, 1997ರ ಡಿಸೆಂಬರಿನಲ್ಲಿ ತೀರಿಕೊಂಡರು. 2001ರಲ್ಲಿ ಮಣಿಪಾಲದ ಅಕಾಡೆಮಿ ಆಫ್ ಜನರಲ್ ಎಜುಕೇಶನ್ ದೆಹಲಿಯಲ್ಲಿ 'ಅಭಿಮನ್ಯು ವಧೆ' ಆಡಿಸಿತು. ಉಯಿಲಿನಂತೆ ಹಕ್ಕು ಪಡೆದವರು ಉಡುಪಿಯ ಜಿಲ್ಲಾ ನ್ಯಾಯಾಲಯಕ್ಕೆ ಹೋದರು, ಅಲ್ಲಿ ಗೆದ್ದರು, ಹೈಕೋರ್ಟಿನಲ್ಲಿ ಗೆದ್ದರು. 2009ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಕೂಡ ಹಕ್ಕನ್ನು ಎತ್ತಿಹಿಡಿಯಿತು. ಕಾಯ್ದೆಯೇ ಬಿಟ್ಟುಕೊಟ್ಟಿರುವ ಶಿಕ್ಷಣದಂಥ ಉದ್ದೇಶದ ಪ್ರದರ್ಶನಕ್ಕೆ ಮಾತ್ರ ಅಡ್ಡಿ ಮಾಡಬೇಡಿ ಅಂತ ಒಂದು ಕಿಟಕಿ ತೆರೆದಿಟ್ಟಿತು. ಕಾರಂತರು ಗೆದ್ದದ್ದು ಎರಡು ಕಾರಣಕ್ಕೆ ಅಂತ ನನ್ನ ಲೆಕ್ಕ. ಅವರು ಮಾಡಿದ್ದು ಕಾಯ್ದೆಯ ಕಣ್ಣಿಗೆ 'ಕೃತಿ'ಯಾಗಿತ್ತು, ಮತ್ತು ಅವರು ಕಾಗದದ ಮೇಲೆ ಬರೆದಿಟ್ಟಿದ್ದರು. ಅದೇ ಬ್ಯಾಲೆಯಲ್ಲಿ ಪದ ಹೇಳಿದ ಭಾಗವತರಿಗೆ ಆ ದಾರಿ ಇರಲಿಲ್ಲ.

ಹಾಡುಗಾರ ಕಾನೂನಿನ ಕಣ್ಣಿಗೆ ಬಿದ್ದದ್ದು 1994ರ ತಿದ್ದುಪಡಿಯಲ್ಲಿ, ಜಾರಿಗೆ ಬಂದದ್ದು 1995ರ ಮೇ ತಿಂಗಳಲ್ಲಿ. ಅಂತರರಾಷ್ಟ್ರೀಯ ಮಟ್ಟದಲ್ಲಿ ರೋಮ್ ಒಪ್ಪಂದ ಇದೇ ಮಾತನ್ನು 1961ರಲ್ಲೇ ಹೇಳಿತ್ತು. ಭಾರತ ಸಹಿ ಹಾಕಿ ಸುಮ್ಮನೆ ಕೂತಿತ್ತು. ಹೊಸ ಕಾಯ್ದೆಯಲ್ಲಿ 'ಪ್ರದರ್ಶಕ' ಅಂದ್ರೆ ಯಾರ್ಯಾರು ಅಂತ ಪಟ್ಟಿ ಇದೆ: ನಟ, ಗಾಯಕ, ವಾದ್ಯಗಾರ, ನರ್ತಕ, ದೊಂಬರಾಟದವನು, ಜಾದೂಗಾರ, ಹಾವಾಡಿಗ, ಉಪನ್ಯಾಸ ಮಾಡುವವನು. ಹಾವಾಡಿಗನ ಜೊತೆ ನಿಂತಾದರೂ ಗಾಯಕನಿಗೆ ಒಳಗೆ ಪ್ರವೇಶ ಸಿಕ್ಕಿತಲ್ಲ, ಅದೇ ದೊಡ್ಡದು. ಅದೇ ತಿದ್ದುಪಡಿಯಲ್ಲಿ ರಾಗವನ್ನು ಬರೆದಿಡಲೇಬೇಕು ಅನ್ನುವ ಹಳೆಯ ನಿಬಂಧನೆಯೂ ಹೋಯಿತು. ಗಾಯಕನ ಹಕ್ಕಿಗೆ ಮೊದಲು ಇಪ್ಪತ್ತೈದು ವರ್ಷದ ಆಯಸ್ಸು ಕೊಟ್ಟರು, 1999ರಲ್ಲಿ ಐವತ್ತು ಮಾಡಿದರು.

ಆದರೂ ಒಂದು ತೂತು ಉಳಿಸಿಕೊಂಡಿದ್ದರು. ಸಿನಿಮಾಕ್ಕೆ ಅಂತ ಹಾಡಲು ಒಮ್ಮೆ ಒಪ್ಪಿದರೆ ಅಲ್ಲಿಗೆ ಹಕ್ಕು ಮುಗೀತು. ಸ್ಟುಡಿಯೋದಲ್ಲಿ ಹಾಡಿದ್ದು 'ಪ್ರದರ್ಶನ'ವೇ ಅಲ್ಲ ಅನ್ನುವ ವಾದವೂ ಬಂತು. 2006ರಲ್ಲಿ ದೆಹಲಿ ಹೈಕೋರ್ಟ್, ಸ್ಟುಡಿಯೋದಲ್ಲಿ ಹಾಡಿದರೂ ಅದು ಪ್ರದರ್ಶನವೇ ಅಂದಿತು. ಕೊನೆಗೆ 2012ರ ತಿದ್ದುಪಡಿ ಬಂದು, ಪ್ರದರ್ಶನವನ್ನು ವಾಣಿಜ್ಯಕ್ಕೆ ಬಳಸಿದರೆ ಪ್ರದರ್ಶಕನಿಗೆ ರಾಯಲ್ಟಿ ಸಲ್ಲಬೇಕು ಅಂತ ಬರೆಯಿತು. ಮರುವರ್ಷ ಗಾಯಕರ ಸಂಘ ಕಾಪಿರೈಟ್ ಸೊಸೈಟಿಯಾಗಿ ನೋಂದಣಿ ಆಯಿತು. ಲತಾ ಹಟ ಹಿಡಿದು ಅರ್ಧ ಶತಮಾನ ಕಳೆದಿತ್ತು. ಸುಬ್ಬಣ್ಣನವರಿಗೆ ಆಗ ಎಪ್ಪತ್ಮೂರು ವರ್ಷ.

ಅವರು ತೀರಿಕೊಂಡದ್ದು 2022ರ ಆಗಸ್ಟ್ 11ರಂದು, ಬೆಂಗಳೂರಿನಲ್ಲಿ. ಅದರ ಮುಂದಿನ ತಿಂಗಳು ಸರ್ಕಾರ ಒಂದು ಆದೇಶ ಹೊರಡಿಸಿತು. 2004ರಿಂದ ನಾಡಗೀತೆಯಾಗಿರುವ, ತೀರ್ಥಹಳ್ಳಿ ತಾಲ್ಲೂಕಿನ ಕುಪ್ಪಳಿಯ ಕವಿ ಬರೆದ ಹಾಡನ್ನು ಇನ್ನು ಮುಂದೆ ಮೈಸೂರು ಅನಂತಸ್ವಾಮಿಯವರ ಧಾಟಿಯಲ್ಲಿ, ಎರಡೂವರೆ ನಿಮಿಷದಲ್ಲಿ ಹಾಡಬೇಕು ಅಂತ. ಗಾಯಕ ಕಿಕ್ಕೇರಿ ಕೃಷ್ಣಮೂರ್ತಿ ಇದನ್ನು ಪ್ರಶ್ನಿಸಿ ಹೈಕೋರ್ಟಿಗೆ ಹೋದರು. ಅವರ ಒಲವು ಅಶ್ವತ್ಥರ ಧಾಟಿಯ ಕಡೆಗೆ. 2023ರಲ್ಲಿ ನ್ಯಾಯಮೂರ್ತಿ ಕೃಷ್ಣ ದೀಕ್ಷಿತರ ಮುಂದೆ ವಿಚಾರಣೆ ನಡೆಯುವಾಗ ಕಿಕ್ಕೇರಿಯವರು ಕೋರ್ಟ್ ಹಾಲಿನಲ್ಲೇ ಬೇರೆ ಬೇರೆ ಧಾಟಿಯಲ್ಲಿ ಹಾಡಿ ತೋರಿಸಿದರು. ಕರಿಕೋಟಿನವರೆಲ್ಲ ಕೂತು ನಾಡಗೀತೆ ಕೇಳಿದರು. 2024ರ ಏಪ್ರಿಲ್‌ನಲ್ಲಿ ಅರ್ಜಿ ವಜಾ ಆಯಿತು, ಅನಂತಸ್ವಾಮಿಯವರ ಧಾಟಿ ಉಳಿಯಿತು.

ಗೆದ್ದವರು ಸೋತವರು ಇರಲಿ ಬಿಡಿ. ಆ ಇಡೀ ವಿವಾದ ನಡೆದದ್ದು ಸಂಯೋಜಕರಿಬ್ಬರ ಹೆಸರಿನಲ್ಲಿ, ಇಬ್ಬರೂ ಆಗಲೇ ತೀರಿಕೊಂಡಿದ್ದರು, ಅಶ್ವತ್ಥ್ 2009ರಲ್ಲಿ, ಅನಂತಸ್ವಾಮಿ 1995ರಲ್ಲಿ. 1957ರ ಹಳೆಯ ಕಾಯ್ದೆ ಲೆಕ್ಕಕ್ಕೇ ತೆಗೆದುಕೊಳ್ಳದಿದ್ದ, ಬಾಯಿಂದ ಬಾಯಿಗೆ ಬಂದ ಧಾಟಿಯೊಂದನ್ನು ಹೈಕೋರ್ಟು ಇಷ್ಟು ಗಂಭೀರವಾಗಿ ಕೂತು ಕೇಳಿತು ಅನ್ನೋದು ನನಗೆ ಸಣ್ಣ ವಿಷಯ ಅನ್ನಿಸಲ್ಲ.

ಈಗ ನಿಮ್ಮ ಸರದಿ. ಇದನ್ನು ಓದುತ್ತಿರುವವರಲ್ಲಿ ಹಗಲು ಕೋಡ್ ಬರೆದು, ಶನಿವಾರ ಜೆ.ಪಿ. ನಗರದ ಯಾವುದೋ ಸ್ಟುಡಿಯೋದಲ್ಲಿ ಹಾಡಿ ಬರುವವರು ಖಂಡಿತ ಇದ್ದೀರಿ. ಸುಬ್ಬಣ್ಣನವರ ತಲೆಮಾರಿಗೆ ಮ್ಯಾನೇಜರ್ ಇರಲಿಲ್ಲ, ನಿಮಗೂ ಬಹುಶಃ ಇಲ್ಲ. ಆದರೆ ಅವರಿಗೆ ಇಲ್ಲದಿದ್ದ ಕಾನೂನು ನಿಮಗೆ ಇದೆ. 2022ರಲ್ಲಿ ಹಾಡಿದ ಹಾಡಿನ ಮೇಲೆ ಹಾಡಿದವರ ಹಕ್ಕು 2072ರ ಕೊನೆಯ ತನಕ ನಡೆಯುತ್ತೆ. ರೆಕಾರ್ಡಿಂಗ್ ಮುಗಿದ ಮೇಲೆ, ಕಾಫಿ ಕೊಡುವ ಹೊತ್ತಿಗೆ, 'ಇದೊಂದು ಫಾರ್ಮಾಲಿಟಿ ಸಾರ್' ಅಂತ ಎರಡು ಹಾಳೆ ಮುಂದಿಡುತ್ತಾರಲ್ಲ, ಅದನ್ನು ಬ್ಯಾಗಿಗೆ ಹಾಕಿಕೊಂಡು ಮನೆಗೆ ತನ್ನಿ. ರಾತ್ರಿ ಊಟ ಆದಮೇಲೆ ನಿಧಾನಕ್ಕೆ ಓದಿ. ಅರ್ಥವಾಗದಿದ್ದರೆ ಯಾರಾದರೂ ವಕೀಲರಿಗೆ ತೋರಿಸಿ. ಹಾಡು ಬಲ್ಲ ವಕೀಲರಾದರೆ ಇನ್ನೂ ಒಳ್ಳೆಯದು.